ಹರಕೆಯ ಕೂಸಿಗೆ ಅರಬ್ಬಿ ಹೆಸರು

ಮಾಬುಸಾಬ್ ಮಾಸ್ತರರ ಬೆರಳು ಪುಟದ ಬಲದಿಂದ ಎಡಕ್ಕೆ ಸರಿಯುತ್ತಿದೆ, ಉಗುರಿನ ಅಂಚಿಗೆ ಸುಣ್ಣ ಅಂಟಿದೆ, ಉರ್ದು ಸಾಲೆಯಿಂದ ನಿವೃತ್ತರಾದರೂ ಅರಬ್ಬಿ ನಿಘಂಟು ಮಾತ್ರ ಕೈಬಿಟ್ಟಿಲ್ಲ — ಪಾಲಯ್ಯ ಜಗುಲಿಯ ಕಂಬಕ್ಕೆ ಒರಗಿ ಕೂತು ನೋಡುತ್ತಾನೆ, ಹೆಂಡತಿ ಹಂಪಕ್ಕ ಇದ್ದಿದ್ದರೆ ಇಷ್ಟು ಹೊತ್ತಿಗೆ ಮಾತು ಮುಗಿಸಿರುತ್ತಿದ್ದಳು, ಹರಕೆ ಹೊತ್ತವಳು ಅವಳೇ, ಹೋದ ಮೊಹರಮ್ಮಿನಲ್ಲಿ ಪೀರಲ ದೇವರ ಮುಂದೆ ಸಕ್ಕರೆಯ ಮೇಲೆ ಪ್ರಾರ್ಥನೆ ಓದಿಸಿ ಸೆರಗೊಡ್ಡಿ ನಿಂತಿದ್ದಳು, ಸೊಸೆ ರೇಖಾಳ ಎರಡು ಕೂಸು ಕಣ್ಣು ತೆರೆಯದೆ ಹೋಗಿದ್ದವು, ಮೂರನೆಯದು ಉಳಿದರೆ ನಿನ್ನ ಕಡೆಯ ಹೆಸರು ಇಡುತ್ತೇನೆ ಎಂದಿದ್ದಳು, ಕೂಸು ಬಂತು, ಅದಕ್ಕೆ ಇಪ್ಪತ್ತು ದಿನ ಮೊದಲೇ ಅವಳು ಹೋದಳು, ನಾಳೆ ತೊಟ್ಟಿಲು, ದೇವರಿಗೆ ಕೊಟ್ಟ ಮಾತು, ತಪ್ಪಿದರೆ ಅವಳಿಗೆ ಏನು ಹೇಳಲಿ, ಸೊಸೆ, ಕೂಸನ್ನು ಕರೆದುಕೊಂಡು ಕೊಟ್ಟೂರಿನಿಂದ ಹರಪನಹಳ್ಳಿಗೆ ಬಸ್ಸು ಹತ್ತಿ ಬಂದದ್ದು ಇದಕ್ಕೇ. ಗಂಡಾಗಿದ್ದರೆ ಹುಸೇನಪ್ಪ ಎಂದುಬಿಡಬಹುದಿತ್ತು, ಪಾಲಯ್ಯನ ಅಣ್ಣನೂ ಹರಕೆಯ ಹುಸೇನಪ್ಪನೇ, ಹಣೆತುಂಬ ವಿಭೂತಿ ಹಚ್ಚಿಕೊಂಡೇ ಬಾಳಿದ, ಯಾಕೆಂದು ಯಾರೂ ಕೇಳಲಿಲ್ಲ, ಹುಸೇನಮ್ಮ ಎಂದರೆ ಮಾತ್ರ ರೇಖಾ ಒಪ್ಪಲಿಲ್ಲ, ಅಂಗನವಾಡಿ ಟೀಚರು, ಅರ್ಥ ಗೊತ್ತಿಲ್ಲದ್ದು ಬ್ಯಾಡ್ರಿ ಮಾವಾರ ಅಂದಳು, ಫೋನಿನಲ್ಲಿ ಹುಡುಕಿ ಹುಡುಕಿ ಅಮಲ್ ಎಂಬುದನ್ನು ಆರಿಸಿದಳು, ಭರವಸೆ ಎಂದು ಅರ್ಥವಂತೆ, ಮಾಸ್ತರರು ಪುಸ್ತಕ ನೋಡಿ, ಅರ್ಥ ಖರೇನವ್ವ, ಆದ್ರ ಓಣ್ಯಾಗ ನಿಂತು ಅಮಲ್ ಅಂತ ಕರದ್ರ ಕುಡದೋರೆಲ್ಲ ಓ ಅಂತಾರ, ರೇಖಾ ಬಾಯಿಗೆ ಸೆರಗು ಹಿಡಿದು ನಕ್ಕಳು, ಅವನಿಗೂ ನಗು ಬಂತು, ಎಷ್ಟು ದಿನವಾಗಿತ್ತು. ಹುಸೇನ್ ಎಂದರೇನು ಎಂದು ಈಗ ಕೇಳಿದ, ಬದುಕೆಲ್ಲ ಅಣ್ಣನನ್ನು ಕರೆದೂ ಕೇಳಿರಲಿಲ್ಲ, ಪುಟ್ಟ ಚೆಲುವ ಎಂದರು ಮಾಸ್ತರರು — ಅಣ್ಣನ ಮುಖದ ತುಂಬ ಸಿಡುಬಿನ ಕಲೆ, ಆದರೂ ಚೆಲುವನೇ, ಹೌದು. ಮಾಸ್ತರರು ಪುಸ್ತಕ ಮುಚ್ಚಿ, ಅದಿರ್ಲಿ ಪಾಲಯ್ಯ, ಹಂಪಕ್ಕ ಏನು ಬೇಡಿಕೊಂಡ್ಳು, ಅದನ್ನ ಹೇಳ್ರಿ. ಏನು ಬೇಡಿದಳು, ಗಂಡು ಬೇಕೆನ್ನಲಿಲ್ಲ, ಚೆಲುವು ಬೇಡಲಿಲ್ಲ, ಬದುಕಿದ್ರ ಸಾಕು ನನ್ನಪ್ಪಾ ಅಂದ್ಲು, ಅಷ್ಟ. ಹಂಗಾದ್ರ ಆಯಿಷಾ ಅನ್ರಿ, ಮಾಸ್ತರರೆಂದರು, ಬದುಕಿರೋ ಹೆಣ್ಣು ಅಂತ ಅರ್ಥ, ದೇವರ ಕಿವಿಗೆ ಬಿದ್ದದ್ದೂ ಅದ ಮಾತಲ್ಲೇನ್ರಿ. ರೇಖಾ ಫೋನು ನೋಡಲಿಲ್ಲ, ಆಯಿಷಾ ಎಂದು ಮೆಲ್ಲಗೆ ಅಂದು ಕೂಸನ್ನು ಅವನ ತೊಡೆಯ ಮೇಲಿಟ್ಟಳು, ಕುಲಾವಿ ಜಾರಿದೆ, ಇನ್ನೂ ಕೂಡಿಕೊಳ್ಳದ ಎಳೆ ನೆತ್ತಿ, ಎಣ್ಣೆ ಹಚ್ಚಿದ ತೆಳು ತೊಗಲು, ಏಳುತ್ತದೆ, ಇಳಿಯುತ್ತದೆ — ನೋಡಿದ್ಯೇನ, ನೀ ಬೇಡಿಕೊಂಡದ್ದು, ನೋಡಿಲ್ಲಿ — ಏಳುತ್ತದೆ, ಇಳಿಯುತ್ತದೆ, ಏಳುತ್ತದೆ