ಐವತ್ತರಲ್ಲೇ ನಿಂತ ನೀರು

ಆಯುಧಪೂಜೆಯ ದಿನ ನಮ್ಮ ಸಕ್ಕರೆ ಕಾರ್ಖಾನೆಯಲ್ಲಿ ಬಾಯ್ಲರಿಗೂ ಸ್ನಾನ. ಮೀಟರುಗಳ ಮೇಲೆ ಪೈಪಿನ ನೀರು ಬಿಟ್ಟರೆ ಕಂಟ್ರೋಲ್ ರೂಮಿನಲ್ಲಿ ಅಲಾರಂ ಬಾಯಿ ಬಡಿದುಕೊಳ್ಳುತ್ತದೆ, ಆಮೇಲೆ ಬೆಂಕಿ ಹೊತ್ತಿಸಲೂ ಕಂಪ್ಯೂಟರು ಬಿಡುವುದಿಲ್ಲ. ಅದಕ್ಕೇ ಮೀಟರ್ ಮೆಕ್ಯಾನಿಕ್ ಆದ ನಾನು ಪ್ರತಿವರ್ಷ ಒಂದು ಕಳ್ಳಕೆಲಸ ಮಾಡುತ್ತೇನೆ. ಬಾಯ್ಲರಿನ ನೀರಿನ ಮಟ್ಟ ಶೇಕಡಾ ಐವತ್ತು ಅಂತ ಕಂಪ್ಯೂಟರಿಗೆ ಸುಳ್ಳು ಹೇಳಿಡುತ್ತೇನೆ. ತೊಳೆದಾದ ಮೇಲೆ ಆ ಸುಳ್ಳನ್ನು ತೆಗೆಯಬೇಕು.

ಈ ಸಲ ಬೂದುಗುಂಬಳ ಒಡೆದರು, ಪುರಿ ಹಂಚಿದರು, ಬಾಯ್ಲರ್ ಹೊತ್ತಿಸಿದರು. ನಾನು ಪುರಿಯ ಪೊಟ್ಟಣ ಹಿಡಿದು ಊರಿಗೆ ಹೊರಟೆ. ಹ್ಯಾಂಡ್‌ಪೋಸ್ಟಿನಲ್ಲಿ ಬಸ್ಸು ಬದಲಿಸುವಾಗ ನೆನಪಾಯಿತು, ಸುಳ್ಳು ಹಾಗೇ ಇದೆ! ಬಾಯ್ಲರ್ ಪಕ್ಕದಲ್ಲಿರುವವನು ದೇವರಾಜ, ನನ್ನ ಜೊತೆ ಒಂದೇ ದಿನ ಕೆಲಸಕ್ಕೆ ಸೇರಿದವನು. ಮಟ್ಟ ಐವತ್ತೆಂದು ನಂಬಿದ ಕಂಪ್ಯೂಟರು ಹೊಸ ನೀರು ಬಿಡುವುದಿಲ್ಲ. ನೀರು ಬತ್ತಿದರೆ ಕೊಳವೆಗಳು ಕೆಂಪಗೆ ಕಾಯುತ್ತವೆ. ಸಿಡಿದರೆ ಮೊದಲು ಹೋಗುವವನು ಅವನೇ.

ಮೂರು ಸಲ ಫೋನ್ ಮಾಡಿದೆ, ಪುಣ್ಯಾತ್ಮರು ಯಾರೂ ಎತ್ತಲಿಲ್ಲ. ನಾಲ್ಕನೆಯ ಸಲ ಕಂಟ್ರೋಲ್ ರೂಮಿನ ಸೌಂದರ್ಯ ಎತ್ತಿದಳು.

"ಎಲ್ಲಾ ಚೆನ್ನಾಗೈತೆ ಯತೀಶಣ್ಣ. ನೀರು ಐವತ್ತು, ಒಂಚೂರೂ ಅಲ್ಲಾಡಿಲ್ಲ."

"ಅದೇ ಕಣಮ್ಮ ಗ್ರಾಚಾರ! ಅದು ನಾನು ಕೂರ್ಸಿರೋ ಸುಳ್ಳು."

"ಅಯ್ಯೋ! ಇರಿ, ಈಗ್ಲೇ ತೆಗೀತೀನಿ."

"ಬ್ಯಾಡಾ!" ಎಂದು ಕಿರುಚಿದೆ. ಬಸ್ಸಿಗೆ ಕಾಯುತ್ತಿದ್ದವರೆಲ್ಲ ತಿರುಗಿ ನೋಡಿದರು. ಸುಳ್ಳು ತೆಗೆದ ಕ್ಷಣವೇ ನೀರಿಲ್ಲವೆಂದು ಕಂಪ್ಯೂಟರಿಗೆ ಗೊತ್ತಾಗಿ, ನೀರಿನ ಗೇಟು ಪೂರ್ತಿ ತೆರೆದು ತಣ್ಣೀರು ನುಗ್ಗಿಸುತ್ತದೆ. ಕಾದ ಹೆಂಚಿಗೆ ನೀರು ಸುರಿದ ಹಾಗೆ, ಬಾಯ್ಲರೇ ಸಿಡಿದುಬಿಡುತ್ತದೆ.

"ಮೊದ್ಲು ಬೆಂಕಿ ನಿಲ್ಸು. ನೀರು ಮುಟ್ಬ್ಯಾಡ. ದೇವರಾಜನ್ನ ಆಚೆ ಕರಿ!"

"ಮ್ಯಾನೇಜರ್ ಕೇಳಿದ್ರೆ?"

"ನನ್ನೆಸರು ಹೇಳು!"

ಲೈನ್ ಕಟ್ಟಾಯಿತು. ನನ್ನ ಊರಿನ ಬಸ್ಸು ಬಂತು, ಹೋಯಿತು. ಕಾರ್ಖಾನೆಯ ದಿಕ್ಕಿಗೆ ಕಿವಿಗೊಟ್ಟು ನಿಂತೆ. ಯಾರೋ ಪಟಾಕಿ ಹೊಡೆದರು, ಬಾಯ್ಲರೇ ಸಿಡಿಯಿತೆಂದು ರಸ್ತೆಗೆ ಓಡಿದೆ. ಹನ್ನೆರಡು ನಿಮಿಷ ಕಳೆದ ಮೇಲೆ ದೇವರಾಜನ ಫೋನು ಬಂತು.

"ಆಚೆ ಬಂದೆ ಕಣ್ಲಾ. ಬೆಂಕಿ ನಿಂತೋಯ್ತು. ಓಡ್ಬರುವಾಗ ಬಾಯ್ಲರಿನ ಮೇಲೆ ನೀರಿನ ಮಟ್ಟ ತೋರ್ಸೋ ಗಾಜು ನೋಡ್ದೆ, ಒಂದು ತೊಟ್ಟು ನೀರಿಲ್ಲ."

ನನ್ನ ಭಯವೆಲ್ಲ ಕೋಪವಾಗಿ ಅವನ ಮೇಲೆ ತಿರುಗಿತು. "ಅರ್ಧ ಗಂಟೆಗೊಂದ್ಸಲ ಆ ಗಾಜು ನೋಡೋದೇ ನಿನ್ನ ಕೆಲ್ಸ ಅಲ್ವೇನ್ಲಾ? ಕಣ್ಣು ಎಲ್ಲಿಟ್ಟಿದ್ದೆ?"



"ದಿನಾ ನೋಡ್ತೀನಿ. ಇವತ್ತು ಮೀಟ್ರೆಲ್ಲ ನೀನೇ ತೊಳ್ದು ಸರಿಮಾಡಿ ಓಗಿದ್ಯಲ್ಲ, ಅದ್ಕೇ ನೋಡ್ಲಿಲ್ಲ."