ಹಿಂದಣ ಬಾಗ್ಲು

ಗುಡ್ಡ ಜರಿದು ಮನೆ ಕಳೆದುಕೊಂಡವರಿಗೆ ಕಟ್ಟಿಕೊಟ್ಟ ಕಾಲೋನಿಗೆ ಬಂದ ಹೊಸದರಲ್ಲಿ ಒಬ್ಬರ ಮನೆಗೆ ಇನ್ನೊಬ್ಬರು ನುಗ್ಗುವುದು ದಿನದ ತಮಾಷೆಯಾಗಿತ್ತು. ಮನೆಗಳೆಲ್ಲ ಒಂದೇ ಅಚ್ಚಿನವು. ಅದೇ ಹಳದಿ ಗೋಡೆ, ಅದೇ ಕಂದು ಬಾಗಿಲು, ಮುಂದೆ ಅದೇ ಅಳತೆಯ ಸಿಮೆಂಟು ಕಟ್ಟೆ. ಚೀಟಿ ಎತ್ತಿ ಮನೆ ಹಂಚಿದ್ದರಿಂದ ಊರಿನಲ್ಲಿ ಅಕ್ಕಪಕ್ಕ ಇದ್ದವರು ಇಲ್ಲಿ ಯಾವ ಯಾವುದೋ ಸಾಲಿಗೆ ಹೋಗಿದ್ದರು. ಒಂದು ಸಂಜೆ ಕಲ್ಲೇಶಪ್ಪ ಸ್ವಲ್ಪ ಏರಿಸಿಕೊಂಡು ಬಂದವನು ದಿವ್ಯಳ ಮನೆಯೊಳಗೆ ಕುರ್ಚಿ ಎಳೆದು ಕೂತು, "ಊಟಕ್ಕಿಕ್ಕಮ್ಮಿ" ಎಂದು ಗದರಿದ್ದ. ದಿವ್ಯ ಮಾತಾಡದೆ ತಟ್ಟೆ ಇಟ್ಟಳು. ಎರಡು ತುತ್ತು ತಿಂದು ತಲೆ ಎತ್ತಿ ನೋಡಿದವನು, "ಅಯ್ಯೋ ತಾಯಿ, ಸಾರು ರುಚಿಯಾಗೈತೆ ಅಂದಾಗ್ಲೇ ನಂಗೆ ಡೌಟು ಬಂತು" ಎಂದು ಎದ್ದು ಓಡಿದ್ದ.

ಈಗ ಯಾರಿಗೂ ಮನೆ ತಪ್ಪುವುದಿಲ್ಲ. ಒಬ್ಬರು ಗೇಟಿಗೆ ನೀಲಿ ಬಳಿದಿದ್ದಾರೆ, ಒಬ್ಬರು ಕಟ್ಟೆಯ ಮೇಲೆ ಆಂಥೂರಿಯಂ ಕುಂಡ ಸಾಲಾಗಿಟ್ಟಿದ್ದಾರೆ. ಇನ್ನೂ ಮನೆ ತಪ್ಪುತ್ತಿದ್ದವರು ಒಬ್ಬರೇ, ದಿವ್ಯಳ ಅತ್ತೆ ಗಂಗಮ್ಮ. ಅವರು ಗುಡ್ಡ ಜರಿದ ವರ್ಷವೇ ಮಣ್ಣಿನಡಿ ಹೋದವರು.

"ಅವ್ವ ಇಂದೂ ಕನಸ್‌ಲಿ ಬಾತ್," ಎಂದ ತೀರ್ಥಪ್ರಸಾದ್, ಬೆಳಗ್ಗೆ ಕಾಪಿ ಲೋಟ ಹಿಡಿದುಕೊಂಡು. ಕುಶಾಲನಗರದ ಕಾಫಿ ಕ್ಯೂರಿಂಗ್ ಕಾರ್ಖಾನೆಗೆ ಕೆಲಸಕ್ಕೆ ಹೊರಟವನು ಹೊಸಿಲ ಮೇಲೆ ನಿಂತೇ, ಅವ್ವ ಬಂದು ಹೋದದ್ದನ್ನು ಹೆಂಡತಿ ದಿವ್ಯಳಿಗೆ ತಮ್ಮ ಅರೆಭಾಷೆಯಲ್ಲಿ ಹೇಳಿದ. "ತಲೆ ಮೇಲೆ ಸೌದೆ ಹೊರೆ. ಒಂದೊಂದೇ ಬಾಗ್ಲು ನೋಡಿಕಂಡ್ ಹೋತ್. ನಮ್ಮ ಮನೆ ಮುಂದೇನೂ ಬಾತ್. ನಿಲ್ಲದೆ ಹೋತ್."

ದಿವ್ಯ ಖಾಲಿ ಲೋಟ ತೆಗೆದುಕೊಂಡು ಒಳಗೆ ಹೋದಳು. ಆದರೆ ಅವನು ಅದನ್ನು ಅಣ್ಣನಿಗೂ ಹೇಳಿದ್ದ. ನಾಪೋಕ್ಲಿನಿಂದ ಮೊಣ್ಣಪ್ಪ ಭಾವ ಅದೇ ವಾರ ಫೋನ್ ಮಾಡಿದರು.

"ಈ ವರ್ಷ ಹಿರಿಯರಿಗೆ ಬಳ್ಸುದು ನಮ್ಮಲ್ಲಿ ಆಗ್ಲಿ ದಿವ್ಯ. ಇಲ್ಲಿ ಅವ್ವ ಬಂದು ಹೋಗಿ ಮಾಡಿದ ಮನೆ. ಅಲ್ಲಿ ಅದ್ಕೆ ಎಂತ ಗುರ್ತ ಉಟ್ಟು? ಎಲ್ಲ ಬಾಗ್ಲೂ ಒಂದೇ ನಮೂನೆ."

"ಅತ್ತೆ ಇದ್ದದ್ದ್ ನಮ್ಮೊಟ್ಟಿಗೆ ಭಾವ."

"ಇದ್ದ ಮನೆ ಎಲ್ಲಿ ಉಟ್ಟು ಈಗ?"

ಆ ಮನೆ ಈಗ ಎಲ್ಲೂ ಇರಲಿಲ್ಲ. ದಿವ್ಯ, "ಈ ಸಲ ಒಂದು ಇಲ್ಲಿ ಬಳ್ಸುವ. ಅತ್ತೆ ಬಾರದಿದ್ರೆ ಮುಂದಿಂದ ನಿಮ್ಮಲ್ಲೇ ಆಗ್ಲಿ," ಎಂದಳು.

"ಬಂದದ್ದ್ ನಿಂಗೆ ಹೇಂಗೆ ಗೊತ್ತಾದೆ?"

"ಗೊತ್ತಾದೆ."

ಹೇಳಿಯೇನೋ ಬಿಟ್ಟಳು. ಗೊತ್ತಾಗುವುದು ಹೇಗೆಂದು ಫೋನ್ ಇಟ್ಟ ಮೇಲೆ ಯೋಚಿಸಿದಳು. ವರ್ಷಕ್ಕೊಮ್ಮೆ ಬಾಳೆ ಎಲೆಯಲ್ಲಿ ಕೋಳಿ ಸಾರು, ರೊಟ್ಟಿ, ಪಕ್ಕದಲ್ಲಿ ಲೋಟದಲ್ಲಿ ಸ್ವಲ್ಪ ಸಾರಾಯಿ ಇಟ್ಟು, ಬಾಗಿಲು ಎಳೆದುಕೊಂಡು ಮನೆಯವರೆಲ್ಲ ಹೊರಗೆ ಕೂರುತ್ತಾರೆ. ಹಿರಿಯರು ಬಂದು ಉಂಡು ಹೋಗಲಿಕ್ಕೆ ಅಷ್ಟು ಹೊತ್ತು ಬಿಟ್ಟುಕೊಡಬೇಕು. ಆಮೇಲೆ ಕೆಮ್ಮಿ, ಬಾಗಿಲು ತಟ್ಟಿ ಒಳಗೆ ಹೋಗಬೇಕು. ಊರಿನ ಮನೆಯಲ್ಲಿ ಹಾಗೆ ಒಳಗೆ ಹೋದಾಗೆಲ್ಲ ದಿವ್ಯಳಿಗೆ ಯಾರೋ ಈಗಷ್ಟೇ ಎದ್ದು ಹೋದ ಕೋಣೆಗೆ ಕಾಲಿಟ್ಟ ಹಾಗಾಗುತ್ತಿತ್ತು. ಕಾಲೋನಿಯ ಮನೆಯಲ್ಲಿ ಒಮ್ಮೆಯೂ ಹಾಗಾಗಿಲ್ಲ. ಖಾಲಿ ಕೋಣೆಯಲ್ಲಿ ಎಲೆ ಆರುತ್ತಾ ಬಿದ್ದಿರುತ್ತದೆ, ಅಷ್ಟೆ.

ಹನ್ನೆರಡು ವರ್ಷ ಒಂದೇ ಒಲೆಯ ಮುಂದೆ ಇದ್ದವರು ಅತ್ತೆ ಸೊಸೆ. ಮಾತು ಬಹಳ ಇರಲಿಲ್ಲ. ಮಗಳು ಅಶ್ವಿತಾ ತೆವಳುವ ಕೂಸಾಗಿದ್ದಾಗ ಒಮ್ಮೆ ಬಾಣಲೆಯ ಹಿಡಿಗೆ ಕೈ ಹಾಕಿದ್ದಳು. ಅಂದಿನಿಂದ ಗಂಗಮ್ಮ ಒಲೆ ಹತ್ತಿರ ಬಂದಾಗೆಲ್ಲ ಬಾಣಲೆಯ ಹಿಡಿಯನ್ನು ಗೋಡೆಯ ಕಡೆಗೆ ತಿರುಗಿಸುವರು. ಮೊಮ್ಮಗಳು ಶಾಲೆಗೆ ಹೋಗುವಷ್ಟಾದರೂ ಬಿಡಲಿಲ್ಲ. ಅಡುಗೆ ಮಾಡುವಾಗ ಹಿಡಿ ಕೈಗೆ ಸಿಗದೆ ದಿವ್ಯಳಿಗೆ ಕೋಪ ಬರುತ್ತಿತ್ತು. ಈಗ ಹಿಡಿ ಇಟ್ಟಲ್ಲೇ ಇರುತ್ತದೆ.

ದಿವ್ಯಳಿಗೆ ಒಂದು ಆಟ ಅಂಟಿದ್ದು ಗುಡ್ಡ ಜರಿದ ಮೇಲಿನ ನಿರಾಶ್ರಿತರ ಶಿಬಿರದಲ್ಲಿ. ಶಾಲೆಯೊಂದರ ಕ್ಲಾಸಿನಲ್ಲಿ ಬೆಂಚು ಜೋಡಿಸಿ ಮಲಗುತ್ತಿದ್ದ ದಿನಗಳವು. ಯಾರೋ ಕೊಟ್ಟ ಹಳೇ ಬಟ್ಟೆಯ ಚೀಲದ ಅಡಿಯಲ್ಲಿ ಅಂಗೈಯಗಲದ ವಿಡಿಯೋ ಗೇಮ್ ಇತ್ತು. ಅಳು ನಿಲ್ಲಿಸದಿದ್ದ ಅಶ್ವಿತಾಳನ್ನು ತೊಡೆಯ ಮೇಲೆ ಕೂರಿಸಿಕೊಂಡು ದಿವ್ಯಳೂ ಗುಂಡಿ ಒತ್ತಿದಳು. ಲಾಟೀನು ಹಿಡಿದ ಹುಡುಗಿಯೊಬ್ಬಳು ಒಂದು ಕಣಿವೆಯ ಊರಿನಲ್ಲಿ ಮನೆಯಿಂದ ಮನೆಗೆ ಹೋಗಿ ಆರಿದ ದೀಪ ಹಚ್ಚಬೇಕು. ಮೊದಲ ಮನೆಯಲ್ಲಿ ಒಲೆಯ ಮುಂದೆ ಮುದುಕಿಯೊಬ್ಬಳು ಕೂತಿರುತ್ತಾಳೆ. ಅವಳ ಹತ್ತಿರ ಹೋದರೆ ಗಂಜಿ ಕೊಡುತ್ತಾಳೆ, ಸೋತ ಜೀವ ತುಂಬಿಕೊಳ್ಳುತ್ತದೆ, ಅಲ್ಲಿಯವರೆಗೆ ಆಡಿದ್ದು ಉಳಿಯುತ್ತದೆ. ಎಲ್ಲಿ ಹೋದರೂ ತಿರುಗಿ ಅವಳಲ್ಲಿಗೇ ಬರಬೇಕು. ತಾಯಿ ಮಗಳು ಅದನ್ನು ಎಷ್ಟು ಸಲ ಆಡಿ ಮುಗಿಸಿದರೆಂದರೆ, ಯಾವ ಬಾಗಿಲ ಹಿಂದೆ ಏನಿದೆ ಎಂಬುದು ದಿವ್ಯಳಿಗೆ ಬಾಯಿಪಾಠವಾಯಿತು. ಮಗಳು ದೊಡ್ಡವಳಾಗಿ ಆಟ ಬಿಟ್ಟಳು. ದಿವ್ಯ ಬಿಡಲಿಲ್ಲ. ಬ್ಲೌಸ್ ಹೊಲಿಯುವ ನಡುವೆ ಮಧ್ಯಾಹ್ನ ಒಂದಿಷ್ಟು ಹೊತ್ತು ಆ ಕಣಿವೆಗೆ ಹೋಗಿ ಬರುವಳು. ಕಣ್ಣು ಮುಚ್ಚಿ ನಡೆಯಬಹುದಾದ ಊರು ಅವಳಿಗೆ ಅದೊಂದೇ ಉಳಿದಿತ್ತು.

ಪಿಯುಸಿ ಓದುತ್ತಿದ್ದ ಅಶ್ವಿತಾ ಮೊನ್ನೆ ಮೊನ್ನೆ ಅದನ್ನು ಲ್ಯಾಪ್‌ಟಾಪಿಗೆ ಹಾಕಿಕೊಟ್ಟಿದ್ದಳು.

"ಅವ್ವ, ಒಂದೇ ಆಟ ಆಡಿ ಬೇಜಾರ್ ಆಗುಲೆನಾ? ಇದ್ಕೆ ಒಂದು ಟೂಲ್ ಉಟ್ಟು. ರ‍್ಯಾಂಡಮೈಜರ್ ಅಂತ. ಬಾಗ್ಲುಗಳನ್ನೆಲ್ಲ ಕಲಸಿಬಿಡ್ತದೆ. ಕೊಟ್ಟಿಗೆ ಬಾಗ್ಲು ತೆಗೆದ್ರೆ ದೇವಸ್ಥಾನ, ದೇವಸ್ಥಾನದ ಬಾಗ್ಲು ತೆಗೆದ್ರೆ ಯಾರದ್ದೋ ಅಟ್ಟ. ಹೊಸ ಆಟದ ಹಾಗೇ."

"ಆ ಅಜ್ಜಿ?"

"ಅಜ್ಜಿಯೂ ಎಲ್ಲೋ ಒಂದು ಕಡೆ. ಎಲ್ಲಿ ಅಂತ ನಂಗೂ ಗೊತ್ತಿಲ್ಲೆ."

"ಸಿಕ್ಕದೇ ಹೋದ್ರೆ?"

"ಹಾಗೆ ಆಗುದಿಲ್ಲೆ. ದಾರಿ ಇಲ್ಲದ ಮನೆ ಒಂದೂ ಇರಬಾರದು ಅಂತ ಟೂಲ್ ಮೊದ್ಲೇ ನೋಡಿಕೊಳ್ತದೆ. ಹುಡುಕೊಕು, ಅಷ್ಟೇ." ಅಮ್ಮನ ಮುಖ ನೋಡಿ ನಕ್ಕಳು. "ಸಿಕ್ಕಿದ್ ದಿನ ನಂಗೆ ಹೇಳು. ಒಂದು ಸರ್‌ಪ್ರೈಸ್ ಉಟ್ಟು."

ಮೊದಲ ದಿನ ದಿವ್ಯಳಿಗೆ ನಿಜಕ್ಕೂ ಭಯವಾಯಿತು. ಮುದುಕಿಯ ಮನೆಯ ಹಸಿರು ಬಾಗಿಲು ತೆಗೆದು ಒಲೆಯ ಬೆಳಕಿಗೆ ಕಾದವಳಿಗೆ ಬಾವಿಯ ಕತ್ತಲು ಎದುರಾಯಿತು. ಬಾಗಿಲುಗಳು ಹಳೆಯವೇ, ಬಣ್ಣವೂ ಹಳೆಯದೇ, ಒಳಗೆ ಮಾತ್ರ ಬೇರೆ. ಗುರುತಿನ ಮುಖ ಗುರುತು ಹಿಡಿಯದೆ ನೋಡಿದ ಹಾಗೆ. ಲಾಟೀನು ಹುಡುಗಿ ಸೋಲುತ್ತಿದ್ದಳು, ಗಂಜಿ ಕೊಡುವವರಿಲ್ಲ. ಸತ್ತು ಮತ್ತೆ ಮೊದಲಿಂದ ಶುರುವಾಗುವುದು. ಮತ್ತೆ ಬೀದಿ, ಮತ್ತೆ ಒಂದೊಂದೇ ಬಾಗಿಲು.

ಗಂಡನ ಕನಸು ಕೇಳಿದ ದಿನದಿಂದ ಅವಳಿಗೆ ಆ ಹುಡುಗಿಯ ತಲೆಯ ಮೇಲೆ ಸೌದೆ ಹೊರೆ ಕಾಣತೊಡಗಿತು. ಯಾರು ಯಾರನ್ನು ಹುಡುಕುತ್ತಿದ್ದಾರೆ ಎಂಬುದೇ ಕಲಸಿಹೋಯಿತು. ಬಟ್ಟೆ ಕತ್ತರಿಸುವಾಗಲೂ ಕಿವಿ ಬೀದಿಯ ಕಡೆಗೆ. ಯಾರೋ ಗೇಟಿನ ಹತ್ತಿರ ನಿಧಾನಿಸಿ ಮುಂದೆ ಹೋದ ಹಾಗೆ ಅನ್ನಿಸಿ ಎದ್ದು ನೋಡುವಳು. ಬಿಸಿಲು ಬಿದ್ದ ಕಾಂಕ್ರೀಟು ರಸ್ತೆ, ಅಷ್ಟೆ. ಪಕ್ಕದ ಮನೆಯ ಮುದ್ದಿ ಒಮ್ಮೆ, "ಎಂತ ಅಕ್ಕ, ಯಾರಾದ್ರೂ ಬರ‍್ತಾರಾ?" ಎಂದು ಕೇಳಿದಳು. "ಇಲ್ಲಪ್ಪ, ಗ್ಯಾಸಿನವನು" ಎಂದಳು ದಿವ್ಯ. ಗ್ಯಾಸು ಹಿಂದಿನ ದಿನವಷ್ಟೇ ಬಂದಿತ್ತು.

"ಟೂಲ್ ಉತ್ತರದ ಫೈಲೂ ಕೊಡ್ತದೆ. ನೋಡಿ ಹೇಳೊಕಾ?" ಎಂದು ಮಗಳು ಕೇಳಿದರೂ ಬೇಡವೆಂದಳು. ತೋರಿಸಿಕೊಟ್ಟರೆ ಸಿಕ್ಕ ಹಾಗಲ್ಲ. ಬಳಸುವ ಭಾನುವಾರ ಹತ್ತಿರವಾಗುತ್ತಿತ್ತು. ಈ ಮುದುಕಿ ಸಿಕ್ಕಿದರೆ ಅತ್ತೆಯೂ ಮನೆಗೆ ಬರುತ್ತಾರೆ ಎಂದು ಮನಸ್ಸು ಯಾವಾಗಲೋ ತನ್ನಷ್ಟಕ್ಕೆ ಹರಕೆ ಕಟ್ಟಿಕೊಂಡಿತ್ತು. ಹುಚ್ಚು ಎಂದು ಅವಳಿಗೂ ಗೊತ್ತು.

ಶನಿವಾರ ಮಧ್ಯಾಹ್ನ ಲಾಟೀನು ಹುಡುಗಿ ಒಂದು ಕಣಜದೊಳಗೆ ಹೋದಳು. ಒಳಗೆ ನಾಯಿಯಿತ್ತು. ಜೀವ ಒಂದು ಎಳೆಯಷ್ಟೇ ಉಳಿದಿತ್ತು. ದಿವ್ಯ ಗಾಬರಿಯಲ್ಲಿ ಬಂದ ಬಾಗಿಲಿನಿಂದಲೇ ಹಿಂದಕ್ಕೆ ಓಡಿದಳು. ಇಷ್ಟು ದಿನ ಯಾವ ಕೋಣೆಗೆ ಹೋದರೂ ಮುಂದಿನ ಬಾಗಿಲನ್ನೇ ಹುಡುಕಿದ್ದಳೇ ಹೊರತು ಬಂದ ಬಾಗಿಲಿಗೆ ತಿರುಗಿರಲಿಲ್ಲ. ತಿರುಗಿದರೆ ಬಂದಲ್ಲಿಗೇ ಹೋಗುತ್ತೇನೆ ಎಂದುಕೊಂಡಿದ್ದಳು. ಟೂಲ್ ಹಿಂದಿನ ದಾರಿಯನ್ನೂ ಕಲಸಿತ್ತು. ಬಾಗಿಲು ದಾಟಿದರೆ ಬೀದಿ ಇರಲಿಲ್ಲ. ಒಲೆಯ ಕೆಂಪು ಬೆಳಕಿತ್ತು. ಮುದುಕಿ ಬೆನ್ನು ಹಾಕಿ ಕೂತಿದ್ದಳು.

ದಿವ್ಯ ಗುಂಡಿ ಒತ್ತಿದಳು. ಮುದುಕಿ ತಿರುಗಿದಳು. ಯಾವಾಗಲೂ ಆಡುತ್ತಿದ್ದ ಆ ಎರಡು ಇಂಗ್ಲಿಷ್ ಮಾತು ಬರಲಿಲ್ಲ. ಇಂಗ್ಲಿಷ್ ಅಕ್ಷರದಲ್ಲಿ ಒಂದೊಂದಾಗಿ ಮೂಡಿದ್ದು ಅರೆಭಾಷೆ.

ಹಿಂದಣ ಬಾಗ್ಲು ತೆಗಿ ಗೂಡೆ. ಕೈಲಿ ಸೌದೆ ಉಟ್ಟು.

ಲ್ಯಾಪ್‌ಟಾಪನ್ನು ಮಡಚಿ ಗೋಡೆಗೆ ಒರಗಿ ಕೂತಳು. ಅಶ್ವಿತಾ ಕಾಲೇಜಿನಿಂದ ಬಂದಾಗಲೂ ಹಾಗೇ ಕೂತಿದ್ದಳು.

"ಅವ್ವ! ಅಜ್ಜಿ ಸಿಕ್ಕಿತಾ? ಮಾತು ನಾನೇ ಬದಲ್ಸಿದ್ದು. ನಂಗೆ ಅಜ್ಜಿದ್ ನೆನಪಿರುದು ಅದೊಂದೇ ಮಾತು." ಬ್ಯಾಗು ಕೆಳಗಿಟ್ಟು ಅಮ್ಮನ ಮುಖ ನೋಡಿ ಮೆತ್ತಗಾದಳು. "ಬೇಜಾರ್ ಆತಾ? ನಗ್ತಿಯ ಅಂತ ಮಾಡ್ದೆ."

ನೆನಪಿರುವುದು ಅದೊಂದೇ ಇರಬೇಕು, ಹುಡುಗೀ, ಬಾಗಿಲು ತೆಗಿ, ಕೈಯಲ್ಲಿ ಸೌದೆ ಇದೆ ಎಂಬ ಆ ಕೂಗು ದಿನಕ್ಕೆ ನಾಲ್ಕಾರು ಸಲ ಮನೆಯಲ್ಲಿತ್ತು. ಗಂಗಮ್ಮ ಮುಂದಿನ ಬಾಗಿಲಿಂದ ಒಳಗೆ ಬಂದವರೇ ಅಲ್ಲ. ಅದು ನೆಂಟರಿಗೆ. ತೋಟದಿಂದಲೋ ಕೊಟ್ಟಿಗೆಯಿಂದಲೋ ಬಂದರೆ ಹಿಂದಿನ ಕಲ್ಲಿನ ಮೇಲೆ ಕಾಲು ತೊಳೆದು, ಮೊಣಕೈಯಲ್ಲಿ ಬಾಗಿಲು ಗುದ್ದಿ ಕೂಗುವರು. ಗುಡ್ಡ ಬಂದದ್ದೂ ಹಿಂದಿನಿಂದಲೇ. ಹಸು ಬಿಚ್ಚಿ ಬರುತ್ತೇನೆಂದು ಹೋದ ಅತ್ತೆಯ ಬೆನ್ನ ಹಿಂದೆ ಮುಚ್ಚಿಕೊಂಡ ಆ ಬಾಗಿಲು ದಿವ್ಯಳ ಕಣ್ಣಲ್ಲಿ ಇನ್ನೂ ಹಾಗೇ ಇದೆ. ಆಮೇಲೆ ಬಾಗಿಲೂ ಇಲ್ಲ, ಗೋಡೆಯೂ ಇಲ್ಲ, ಕೆಂಪು ಮಣ್ಣು.

ಅವಳು ಅಡುಗೆಮನೆಗೆ ಹೋಗಿ ನಿಂತಳು. ಕಾಲೋನಿಯ ಮನೆಗೂ ಹಿಂದೆ ಒಂದು ಬಾಗಿಲಿದೆ. ಬಂದ ವಾರವೇ ಅದರ ಚಿಲಕ ಹಾಕಿ ಅಡ್ಡಕ್ಕೆ ಫ್ರಿಜ್ಜು ನಿಲ್ಲಿಸಿದ್ದಳು. ಜಾಗ ಇಲ್ಲ ಎಂದು ಎಲ್ಲರಿಗೂ ಹೇಳಿದ್ದಳು, ಬಟ್ಟೆ ಒಣಗಿಸಲು ಮನೆ ಸುತ್ತಿ ಹೋಗಬೇಕೆಂದು ಮಗಳು ಗೊಣಗಿದರೂ ಬಿಡಲಿಲ್ಲ. ಬೆನ್ನಿಗೆ ಬಾಗಿಲಿದ್ದ ಮನೆಯಲ್ಲಿ ಅವಳಿಗೆ ನಿದ್ದೆ ಬರುತ್ತಿರಲಿಲ್ಲ ಎಂಬುದನ್ನು ಯಾರಿಗೂ ಹೇಳಿರಲಿಲ್ಲ. ಇಷ್ಟು ವರ್ಷ ಎಲೆ ಹಾಕಿ, ಮುಂದಿನ ಕಟ್ಟೆಯ ಮೇಲೆ ಕೂತು ಬೀದಿ ನೋಡಿ ಕಾದಿದ್ದರು ಎಲ್ಲರೂ. ಹಿಂದೆ, ಫ್ರಿಜ್ಜಿನ ಆಚೆ, ಕೈತುಂಬ ಸೌದೆ ಹಿಡಿದುಕೊಂಡು ಒಬ್ಬರು ಮೊಣಕೈಯಲ್ಲಿ ಗುದ್ದುತ್ತಲೇ ಇದ್ದರೇನೋ.

"ಅಶ್ವಿ, ಹಿಡ್ಕೊ ಈ ಫ್ರಿಜ್ಜನ್ನ."

"ಎಲ್ಲಿಗೆ?"

"ಎಲ್ಲಿಗಾದ್ರೂ. ಇಲ್ಲಿ ಬೇಡ."

ಚಿಲಕ ತುಕ್ಕು ಹಿಡಿದಿತ್ತು, ಕೊಬ್ಬರಿ ಎಣ್ಣೆ ಬಿಟ್ಟು ಸುತ್ತಿಗೆಯಲ್ಲಿ ಬಡಿದರೆ ಬಂತು. ಬಾಗಿಲು ತೆರೆದಾಗ ಹಿಂದಿನ ದಿಬ್ಬ ಕಂಡಿತು. ಕಾಲೋನಿಗೆಂದು ಮಣ್ಣು ಕಡಿದ ಕಡೆ ಕೆಂಪಗೆ, ಬೆತ್ತಲೆ. ದಿವ್ಯ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಆದರೂ ಕಣ್ಣು ತೆಗೆಯಲಿಲ್ಲ.

ಭಾನುವಾರ ಮೊಣ್ಣಪ್ಪ ಭಾವ ಹೆಂಡತಿಯೊಟ್ಟಿಗೆ ಬಂದರು. ಪಡಸಾಲೆಯ ನಡುವೆ ನಿಂತ ಫ್ರಿಜ್ಜಿಗೆ ಭುಜ ತಾಗಿಸಿಕೊಂಡು, "ಎಂತದಿದು, ನೆಂಟರ ಸ್ವಾಗತಕ್ಕಾ?" ಎಂದರು. ಕೋಳಿ ಸಾರು ಆಯಿತು, ರೊಟ್ಟಿ ಆಯಿತು. ಅತ್ತೆಯ ಎಲೆಗೆ ದಿವ್ಯ ಸುಟ್ಟ ಒಣಮೀನನ್ನೂ, ಒಂದು ಲೋಟ ಬೆಲ್ಲದ ಕಾಪಿಯನ್ನೂ ಇಟ್ಟಳು. ಹಿಂದಿನ ಬಾಗಿಲ ಹೊರಗೆ ಒಂದು ಚೊಂಬು ನೀರಿಟ್ಟು, ಬಾಗಿಲನ್ನು ಅರ್ಧ ತೆರೆದು, ಎಲ್ಲರೂ ಮುಂದೆ ಬಂದು ಕೂತರು. ತೀರ್ಥಪ್ರಸಾದ್ ಬೀದಿ ನೋಡುತ್ತಿದ್ದ. ದಿವ್ಯ ನೋಡಲಿಲ್ಲ. ಬೆನ್ನೇ ಕಿವಿಯಾಗಿತ್ತು.

ಹೊತ್ತಾದ ಮೇಲೆ ಭಾವ ಕೆಮ್ಮಿ ಬಾಗಿಲು ತಟ್ಟಿದರು. ಎಲ್ಲರಿಗಿಂತ ಮೊದಲು ದಿವ್ಯ ಅಡುಗೆಮನೆಗೆ ಹೋದಳು. ಎಲೆ ಇಟ್ಟ ಹಾಗೇ ಇತ್ತು. ಕಾಪಿಯ ಮೇಲೆ ಕೆನೆಯಂತೆ ತೆಳ್ಳಗೆ ಧೂಳು ಕೂತಿತ್ತು. ಚೊಂಬಿನ ನೀರು ಚೊಂಬಿನಲ್ಲೇ.

ಒಲೆಯ ಮೇಲೆ ಸಾರಿನ ಬಾಣಲೆ ಇತ್ತು. ಅದರ ಹಿಡಿ ಗೋಡೆಯ ಕಡೆಗಿತ್ತು.

ದಿವ್ಯ ನಿಂತೇ ಇದ್ದಳು. ಬಡಿಸುವಾಗ ಹಿಡಿ ತನ್ನ ಕಡೆಗಿತ್ತು, ಸೌಟು ಅಲ್ಲೇ ಒರಗಿಸಿದ್ದಳು. ಅಥವಾ ಹೊರಡುವಾಗ ತನ್ನ ಕೈಯೇ ತಿರುಗಿಸಿತೋ? ಅಷ್ಟು ವರ್ಷ ನೋಡಿ ನೋಡಿ ಕೈಗೆ ಬಂದಿರಬಹುದು. ನೆನಪಿಗೆ ಎಷ್ಟು ಜೋರು ಮಾಡಿದರೂ ಆ ಒಂದು ಗಳಿಗೆ ಸಿಗಲಿಲ್ಲ. ಪಕ್ಕಕ್ಕೆ ಬಂದ ಅಶ್ವಿತಾಳೂ ಹಿಡಿಯನ್ನೇ ನೋಡುತ್ತಿದ್ದಳು. ನೀನಾ ಎಂದು ಇವಳು ಕೇಳಲಿಲ್ಲ, ನೀನಾ ಎಂದು ಅವಳೂ ಕೇಳಲಿಲ್ಲ.

"ಎಂತ ದಿವ್ಯ?" ಭಾವ ಬಾಗಿಲಲ್ಲಿ ನಿಂತು ಕೇಳಿದರು. "ಗೊತ್ತಾತಾ?"

"ಮುಂದಿನ ವರ್ಷವೂ ಇಲ್ಲೇ ಭಾವ," ಎಂದಳು ದಿವ್ಯ. "ಕೂತ್ಕೊಳ್ಳಿ, ಬಡಿಸ್ನೆ."

ಸಾರು ಬಿಸಿ ಮಾಡಲು ಒಲೆ ಹಚ್ಚಿದಳು. ಹಿಡಿಯನ್ನು ತನ್ನ ಕಡೆಗೆ ತಿರುಗಿಸಿಕೊಳ್ಳದೆ, ಸೆರಗಿನಲ್ಲಿ ಅಂಚು ಹಿಡಿದು, ಕೈ ಸುಟ್ಟುಕೊಳ್ಳುತ್ತಲೇ ಬಡಿಸಿದಳು. ಹಿಂದಿನ ಬಾಗಿಲು ತೆರೆದೇ ಇತ್ತು. ಅದರಾಚೆ ಸಂಜೆಬಿಸಿಲಿಗೆ ಕೆಂಪು ದಿಬ್ಬ ಇನ್ನಷ್ಟು ಹತ್ತಿರ ಬಂದ ಹಾಗಿತ್ತು.