ಸುಮ್ಮನಿರಲಾರದ ಕ್ಲಾರಿನೆಟ್ ಅಣ್ಣ

ನಾನು ಸಿನಿಮಾ ಮಾಡುವವಳು ಅಂದರೆ ಜನ ಮೊದಲು ಕೇಳುವುದು ಹೀರೋ ಯಾರು ಅಂತ. ನನ್ನದು ಸಾಕ್ಷ್ಯಚಿತ್ರ, ಹೀರೋನೂ ಇಲ್ಲ, ಮಣ್ಣಾಂಗಟ್ಟಿಯೂ ಇಲ್ಲ. ನಿರ್ಮಾಪಕಿಯೂ ನಾನೇ, ಲೈಟು ಹೊರುವವಳೂ ನಾನೇ. ಟೈರ್ ಅಂಗಡಿಯ ಮೇಲಿನ ಕೋಣೆಯಲ್ಲಿ ಸಂಜೆ ಸಂಜೆ ಸೇರಿ ವಾದ್ಯ ನುಡಿಸುತ್ತಿದ್ದ ಐದಾರು ಮಂದಿಯನ್ನು ವರ್ಷಗಟ್ಟಲೆ ಚಿತ್ರೀಕರಿಸಿದೆ. ಎಂಥಾ ಸಂಜೆಗಳವು! ಈಗ ಅಲ್ಲಿ ಪ್ಲೈವುಡ್ ಗೋಡೌನ್ ಇದೆ. ಆ ಬೀದಿಗೆ ಹೋದರೆ ಇವತ್ತಿಗೂ ನನಗೆ ಹೊಟ್ಟೆ ಉರಿಯುತ್ತದೆ.

ಆ ಗುಂಪಿನ ಜೀವ ಅಂದರೆ ಕ್ಲಾರಿನೆಟ್ ಅಣ್ಣ. ಅವರು ತೀರಿಕೊಂಡು ಎಷ್ಟೋ ಕಾಲವಾದ ಮೇಲೆ ಅತ್ತಿಗೆ, ಅಂದರೆ ಅವರ ಹೆಂಡತಿ, ನನ್ನ ಎಡಿಟಿಂಗ್ ರೂಮಿಗೆ ಬಂದರು. ಅಣ್ಣನ ಮುಖ ಕಣ್ಣಿಗೆ ಕಟ್ಟಿದ ಹಾಗಿದೆಯಂತೆ, ದನಿ ಮಾತ್ರ ಮರೆತುಹೋಗುತ್ತಾ ಇದೆಯಂತೆ. ನಾನು ಅವರು ಕ್ಲಾರಿನೆಟ್ ನುಡಿಸಿದ ಟೇಪು ಹಾಕಲು ಹೋದೆ. ಅತ್ತಿಗೆ ತಡೆದರು.

"ಅದನ್ನ ಊರೆಲ್ಲ ಕೇಳಿದೆ. ನನಗೆ ಅವರ ಮಾತು ಬೇಕು."

ಮಾತೆಲ್ಲಿಂದ ತರಲಿ? ಮನೆಯಲ್ಲಿ ಹರಟೆಮಲ್ಲನಾದ ಆ ಮಹಾರಾಯರಿಗೆ ಕ್ಯಾಮೆರಾ ಕಂಡರೆ ಸಾಕು, ಬಾಯಿಗೆ ಬೀಗ. ಏನು ಕೇಳಿದರೂ ತಲೆಯಾಡಿಸಿ ಕ್ಲಾರಿನೆಟ್ ಎತ್ತಿಕೊಳ್ಳುತ್ತಿದ್ದರು. ಅತ್ತಿಗೆಯನ್ನು ಕೂರಿಸಿಕೊಂಡು ಟೇಪು ಹುಡುಕಿದ್ದೇ ಹುಡುಕಿದ್ದು. ಕೊನೆಗೆ ಒಂದು 'ಹ್ಞೂಂ' ಸಿಕ್ಕಿತು, ಅದೂ ಡ್ರಮ್ಮಿನವನದು. ಇಲ್ಲದಿದ್ದರೆ ಬಿಡಮ್ಮ ಅಂತ ಅತ್ತಿಗೆ ಚೀಲ ಎತ್ತಿಕೊಂಡರು.

ಆಗ ನೆನಪಾಯಿತು ನೋಡಿ. ಶೂಟಿಂಗ್ ಮುಗಿದ ಮೇಲೆ ಕ್ಯಾಮೆರಾ ಆರಿಸಿ, ಎಲ್ಲರನ್ನೂ ತೆಪ್ಪಗೆ ಕೂರಿಸಿ, ಬರೀ ಆ ಕೋಣೆಯ ನಿಶ್ಶಬ್ದವನ್ನು ರೆಕಾರ್ಡ್ ಮಾಡಿಕೊಳ್ಳುವುದು ನಮ್ಮ ಕಸುಬಿನ ಪದ್ಧತಿ. ಒಂದೊಂದು ಕೋಣೆಯ ನಿಶ್ಶಬ್ದ ಒಂದೊಂದು ಥರ. ಎಡಿಟಿಂಗ್‌ನಲ್ಲಿ ಕತ್ತರಿಸಿದ ಜಾಗಕ್ಕೆಲ್ಲ ಅದೇ ತೇಪೆ. ಕ್ಯಾಮೆರಾ ಆರಿತೋ, ಅಣ್ಣನ ನಾಲಿಗೆ ತುರಿಸಲು ಶುರು. ಪ್ರತಿ ಸಲವೂ ಕೆಡಿಸುತ್ತಿದ್ದರು, ಪ್ರತಿ ಸಲವೂ ನಾನು ಸಿಡುಕುತ್ತಿದ್ದೆ. ಕೆಟ್ಟ ರೆಕಾರ್ಡಿಂಗನ್ನೂ ಎಸೆಯದ ನನ್ನ ಜಿಪುಣತನಕ್ಕೆ ಅವತ್ತು ನಾನೇ ಕೈಮುಗಿದೆ.

ಬಿಸ್ಕತ್ತಿನ ಡಬ್ಬಿಯಿಂದ ಒಂದು ಟೇಪು ತೆಗೆದು ಹಾಕಿದೆ. ಫ್ಯಾನಿನ ಗರಗರ ಕೇಳಿಸಿತು, ಕೆಳಗೆ ಟೈರಿಗೆ ಗಾಳಿ ತುಂಬುವ ಸದ್ದು ಕೇಳಿಸಿತು. ಆಮೇಲೆ ಅಣ್ಣ.

"ಡೈರೆಕ್ಟರಮ್ಮಾ, ಉಸಿರಾಡಬಹುದಾ?"

ಯಾರೋ ಕಿಸಕ್ಕೆಂದರು. ಕೈಮುಗೀತೀನಿ ಅಣ್ಣಾ, ಬಾಯಿ ಮುಚ್ಕೊಂಡಿರಿ ಅಂತ ನನ್ನದೇ ಹಳೇ ದನಿ ಸಿಡುಕಿತು.

"ಮನೇಲಿ ಅವಳೂ ಇದನ್ನೇ ಹೇಳ್ತಾಳೆ. ಬೇಗ ಮುಗಿಸಮ್ಮ. ನಾನು ಹೋಗೋ ತನಕ ಊಟ ಮಾಡದೆ ಕೂತಿರ್ತಾಳೆ."

ಅತ್ತಿಗೆ ಚೀಲವನ್ನು ಮಡಿಲಿಗೆ ಇಳಿಸಿಕೊಂಡರು. ಕಣ್ಣಲ್ಲಿ ನೀರು, ತುಟಿಯಲ್ಲಿ ನಗು. ಏನಾದರೂ ಸಮಾಧಾನ ಹೇಳೋಣ ಅಂತ ಬಾಯಿ ತೆರೆದೆ.

ಅತ್ತಿಗೆ ಟೇಪಿನ ಕಡೆಗೇ ನೋಡುತ್ತಾ ನನ್ನ ಕೈ ಅದುಮಿದರು.

"ಸುಮ್ನಿರು. ಅವರು ಮಾತಾಡ್ತಾ ಇದ್ದಾರೆ."